ನಿಮಗಿದು ಗೊತ್ತೆ? ಸಹಸ್ರಾರು ಆಟಗಾರರು, ಒಬ್ಬರೇ ಗ್ರ್ಯಾಂಡ್‌ಮಾಸ್ಟರ್
2010ರ ಡಿಸೆಂಬರ್ 24ರಂದು, ವಿಶ್ವನಾಥನ್ ಆನಂದರ ಸಮ್ಮುಖದಲ್ಲಿ, 20,000ಕ್ಕೂ ಮಿಗಿಲಾದ ಜನರು ಅಹಮದಾಬಾದಿನ ಒಂದೇ ಬಯಲಿನಲ್ಲಿ ಏಕಕಾಲಕ್ಕೆ ಚದುರಂಗವಾಡಿ ವಿಶ್ವದಾಖಲೆಯನ್ನು ಸ್ಥಾಪಿಸಿದಾಗ, ಸಮಸ್ತ ಗುಜರಾತಿನಲ್ಲಿ ಗ್ರ್ಯಾಂಡ್‌ಮಾಸ್ಟರ್ ಪದವಿಯಿದ್ದುದು ಕೇವಲ ಒಬ್ಬರಿಗೆ! ಅದೇ ನಗರದ ತೇಜಸ್ ಬಾಕ್ರೆಯವರು 2004ರಲ್ಲಿ ಗಳಿಸಿದ ಆ ಪದವಿಗೆ ರಾಜ್ಯದ ಎರಡನೆಯವರಾಗಿ, ಅಹಮದಾಬಾದಿನವರೇ ಆದ ಅಂಕಿತ್ ರಾಜಪಾರಾ ಏರಿದುದು 2014ರಲ್ಲಿ. ಸಾಮಾನ್ಯವಾಗಿ ಮೂರು ನಾರ್ಮ್‌ಗಳನ್ನೂ (ಪಂದ್ಯಾವಳಿಗಳಲ್ಲಿ ಗ್ರ್ಯಾಂಡ್‌ಮಾಸ್ಟರ್ ಮಟ್ಟದ ಸಾಧನೆ) 2500ರ ರೇಟಿಂಗನ್ನೂ ಸಾಧಿಸಿದವರಿಗೆ ಲಭಿಸುವ ಈ ಪದವಿಯು, ಮುಂದೆ ರೇಟಿಂಗ್ ಕುಸಿದರೂ ಕೈಬಿಟ್ಟು ಹೋಗದು. ಹಾಗೆಂದು ಗುಜರಾತಿನವರನ್ನು ಕಂಡು ಕನ್ನಡಿಗರಾದ ನಾವು ನಗುವಂತಿಲ್ಲ. ಕರ್ನಾಟಕದ ಪ್ರಥಮ ಗ್ರ್ಯಾಂಡ್‌ಮಾಸ್ಟರ್, ಮೈಸೂರಿನ ಎಂ.ಎಸ್. ತೇಜಕುಮಾರ್, ಆ ಪಟ್ಟವನ್ನು ಪಡೆದುದು 2017ರಲ್ಲಿ.