ಎಡಕ್ಕೆ ತಿರುಗುವ ಮುನ್ನ: ಕ್ಯಾಲಿಫೋರ್ನಿಯಾದ ಕಾನೂನು, ದಂಡ, ಹೊಣೆ

ನಮ್ಮೂರಿನಲ್ಲಿ ಕಾರು ಓಡಿಸಿ ಕೈ ಪಳಗಿದವರಿಗೆ ಎಡಕ್ಕೆ ತಿರುಗುವುದು ಸಲೀಸು. ಅಂಚು ಹಿಡಿದು ಪಕ್ಕದ ರಸ್ತೆಗೆ ಇಳಿದರೆ ಆಯಿತು. ಎಷ್ಟೋ ಸರ್ಕಲ್‌ಗಳಲ್ಲಿ ‘ಫ್ರೀ ಲೆಫ್ಟ್’ ಎಂಬ ಬೋರ್ಡೇ ಇರುತ್ತದೆ. ಅಮೆರಿಕಕ್ಕೆ ಬಂದ ಮೇಲೆ ಎಲ್ಲ ತಿರುವುಮುರುವು. ಇಲ್ಲಿ ವಾಹನಗಳು ರಸ್ತೆಯ ಬಲಭಾಗದಲ್ಲಿ ಓಡುತ್ತವೆ. ಎಡಕ್ಕೆ ತಿರುಗಬೇಕಾದರೆ ಎದುರಿನಿಂದ ಬರುವ ಎರಡೋ ಮೂರೋ ಲೇನ್‌ಗಳನ್ನು ಅಡ್ಡ ಹಾಯಬೇಕು. ಊರಿನಲ್ಲಿ ಬಲಕ್ಕೆ ತಿರುಗುವಾಗ ಇದ್ದ ಅಪಾಯವೆಲ್ಲ ಇಲ್ಲಿ ಎಡ ತಿರುವಿಗೆ ಬಂದು ಕೂತಿದೆ.

ಊರಿನಲ್ಲಿ ಕಾರಿನ ಮೂತಿ ತೂರಿಸಿದರೆ ಎದುರಿನವರು ನಿಧಾನ ಮಾಡುತ್ತಾರೆ. ಇಲ್ಲಿ ಹಾಗಲ್ಲ. ನೀವು ನಿಂತೇ ನಿಲ್ಲುತ್ತೀರಿ ಎಂದು ನಂಬಿಕೊಂಡು ಅವರು ಗಂಟೆಗೆ 45 ಮೈಲಿ ವೇಗದಲ್ಲಿ ಬರುತ್ತಿರುತ್ತಾರೆ. ಕಾನೂನು ಕೂಡ ಆ ನಂಬಿಕೆಯ ಪರವಾಗಿಯೇ ಇದೆ. ಫ್ರೀಮಾಂಟ್, ಸನ್ನಿವೇಲ್, ಸ್ಯಾನ್ ಹೋಸೆ ಕಡೆ ಹೊಸದಾಗಿ ಬಂದು ನೆಲೆಸುವ ಕನ್ನಡದ ಮನೆಗಳಿಗೆ ಉಪಯೋಗವಾಗಲಿ ಎಂದು ಕ್ಯಾಲಿಫೋರ್ನಿಯಾದ ನಿಯಮವನ್ನೇ ಹೇಳುತ್ತೇನೆ. ಬೇರೆ ರಾಜ್ಯಗಳಲ್ಲಿ ದಂಡವೂ ಪಾಯಿಂಟ್‌ಗಳೂ ಬೇರೆ ಬೇರೆ.

ಮೂಲ ನಿಯಮ ಇರುವುದು ಕ್ಯಾಲಿಫೋರ್ನಿಯಾ ವೆಹಿಕಲ್ ಕೋಡ್‌ನ, ಅಂದರೆ ವಾಹನ ಕಾನೂನಿನ, ಸೆಕ್ಷನ್ 21801ರಲ್ಲಿ. ಎಡಕ್ಕೆ ತಿರುಗುವವರು, ಯೂ-ಟರ್ನ್ ಮಾಡುವವರು ಎದುರಿನಿಂದ ಬರುವ ವಾಹನಗಳಿಗೆ ದಾರಿ ಬಿಡಬೇಕು. ಇದನ್ನೇ ‘ಯೀಲ್ಡ್’ ಮಾಡುವುದು ಎನ್ನುತ್ತಾರೆ. ಎಲ್ಲಿಯವರೆಗೆ ಬಿಡಬೇಕು? ತಿರುವಿನ ಯಾವ ಕ್ಷಣದಲ್ಲೂ ಅಪಾಯವಾಗುವಷ್ಟು ಹತ್ತಿರದಲ್ಲಿ ಯಾರೂ ಇಲ್ಲ ಎನ್ನುವವರೆಗೆ. ತಿರುಗಲು ಶುರು ಮಾಡಿದಾಗ ದಾರಿ ಖಾಲಿ ಇತ್ತು ಎಂದರೆ ಸಾಲದು. ತಿರುವು ಮುಗಿಯುವ ತನಕ ಅದು ಖಾಲಿಯೇ ಇರಬೇಕು. ಈ ವಿಷಯದಲ್ಲಿ ಆಗುವ ಹೆಚ್ಚಿನ ಜಗಳಗಳ ಬೇರು ಇದೇ.

‘ಸಿಗ್ನಲ್ ಹಸಿರಿತ್ತಲ್ಲ?’ ಎಂದು ಕೇಳುವವರಿದ್ದಾರೆ. ಯಾವ ಹಸಿರು ಎಂದು ನೋಡಬೇಕು. ಹಸಿರು ಬಾಣ ಇದ್ದರೆ ಎದುರಿನವರಿಗೆ ಕೆಂಪು ಬಿದ್ದಿರುತ್ತದೆ, ದಾರಿ ನಿಮ್ಮದು. ಬರೀ ದುಂಡು ಹಸಿರು ದೀಪ ಇದ್ದರೆ ಎದುರಿನವರಿಗೂ ಸಾಮಾನ್ಯವಾಗಿ ಹಸಿರೇ ಇರುತ್ತದೆ. ಆಗ ನಿಮಗಿರುವುದು ಕಾದು ತಿರುಗುವ ಅನುಮತಿ ಮಾತ್ರ. ಮಿನುಗುವ ಹಳದಿ ಬಾಣಕ್ಕೂ ಅರ್ಥ ಇಷ್ಟೇ. ಕೆಂಪು ಬಾಣಕ್ಕೆ ನಿಲ್ಲಲೇಬೇಕು. ದುಂಡು ಕೆಂಪು ದೀಪದಲ್ಲಿ ಎಡಕ್ಕೆ ತಿರುಗಲು ಇರುವುದು ಒಂದೇ ಅವಕಾಶ. ನೀವಿರುವುದೂ ಏಕಮುಖ ರಸ್ತೆ, ಸೇರುವುದೂ ಏಕಮುಖ ರಸ್ತೆ ಆಗಿದ್ದು, ಬೇಡವೆನ್ನುವ ಬೋರ್ಡ್ ಇಲ್ಲದಿದ್ದರೆ ಪೂರ್ತಿ ನಿಂತು, ನೋಡಿ ತಿರುಗಬಹುದು.

ತಿರುಗುವ ಕ್ರಮ ಹೇಗೆ? ತಿರುವಿಗೆ ಮುಂಚಿನ 100 ಅಡಿಯುದ್ದಕ್ಕೂ ಇಂಡಿಕೇಟರ್ ಮಿನುಗುತ್ತಿರಬೇಕು. ಎಡಗಡೆಯ ಕೊನೆಯ ಲೇನ್‌ನಿಂದಲೇ ತಿರುಗಬೇಕು. ಎರಡು ಲೇನ್‌ಗಳಿಗೆ ಎಡ ತಿರುವಿನ ಗುರುತಿದ್ದರೆ ಹೊರಟ ಲೇನ್‌ನಲ್ಲೇ ಕೊನೆಯವರೆಗೂ ಇರಿ. ನಡುವೆ ಅಡ್ಡಾದರೆ ಪಕ್ಕದ ಕಾರಿಗೆ ತಗಲುತ್ತದೆ, ತಪ್ಪು ನಿಮ್ಮದಾಗುತ್ತದೆ. ರಸ್ತೆಯ ನಡುವೆ ಎರಡೂ ಕಡೆಯವರು ತಿರುಗಲು ಬಿಟ್ಟ ಹಳದಿ ಗೆರೆಗಳ ಲೇನ್ ಇರುತ್ತದೆ. ಅದರಲ್ಲಿ 200 ಅಡಿಗಿಂತ ಹೆಚ್ಚು ದೂರ ಓಡಿಸುವಂತಿಲ್ಲ.

ದುಂಡು ಹಸಿರಿನಲ್ಲಿ ಕಾಯುವುದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಬಹಳ ಜನ ತಡವರಿಸುವುದು ಇಲ್ಲೇ. ಹಸಿರಿದ್ದಾಗ ಕೂಡುರಸ್ತೆಯ ಒಳಗೆ ಬಂದು ಕಾಯಬಹುದು. ಕಾಯುವಾಗ ಚಕ್ರ ನೇರವಾಗಿರಲಿ. ಸ್ಟೀರಿಂಗನ್ನು ಮೊದಲೇ ಎಡಕ್ಕೆ ತಿರುಗಿಸಿ ಇಟ್ಟುಕೊಂಡಿದ್ದಾಗ ಹಿಂದಿನಿಂದ ಯಾರಾದರೂ ಗುದ್ದಿದರೆ ನಿಮ್ಮ ಕಾರು ಸೀದಾ ಎದುರಿನ ವಾಹನಗಳ ಬಾಯಿಗೆ ಹೋಗುತ್ತದೆ. ದೀಪ ಹಳದಿಯಾಯಿತು ಎಂದು ಗಾಬರಿ ಬೇಡ. ಕ್ಯಾಲಿಫೋರ್ನಿಯಾದಲ್ಲಿ ಹಳದಿ ಎಂದರೆ ಎಚ್ಚರಿಕೆ. ಆಗ ಎದುರಿನವರೂ ಕೂಡುರಸ್ತೆಗೆ ನುಗ್ಗಬಹುದು, ಅದು ಅಪರಾಧವಲ್ಲ. ಅವರು ನಿಲ್ಲುತ್ತಾರೆ ಎಂದು ಊಹಿಸಬೇಡಿ. ನಿಂತದ್ದನ್ನು ಕಣ್ಣಾರೆ ನೋಡಿ ಆಮೇಲೆ ಹೊರಡಿ. ಹಸಿರಿನಲ್ಲಿ ಒಳಗೆ ಬಂದವರು ಕೆಂಪು ಬಿದ್ದ ಮೇಲೂ ತಿರುವು ಮುಗಿಸಿಕೊಂಡು ಹೋಗಬಹುದು. ಹೋಗುವಾಗ ನೀವು ಸೇರಲಿರುವ ರಸ್ತೆಯ ಜೀಬ್ರಾ ಪಟ್ಟೆಯ ಮೇಲೆ ಕಣ್ಣಿಡಿ. ಎದುರಿನ ಕಾರುಗಳನ್ನೇ ನೋಡುತ್ತಾ, ಸಂದು ಸಿಕ್ಕಿತೆಂದು ನುಗ್ಗಿದ ಚಾಲಕನಿಗೆ ಪಟ್ಟೆಯ ಮೇಲೆ ನಡೆಯುತ್ತಿರುವವರು ಕಾಣುವುದು ತಡವಾಗಿ. ಕಾದಿರುವ ಹಿಂದಿನ ಕಾರಿನವರು ಹಾರನ್ ಹಾಕಿದರೆ ಹಾಕಲಿ. ನುಗ್ಗಿ ಅನಾಹುತವಾದರೆ ಅವರಿಗೆ ಯಾವ ಹೊಣೆಯೂ ಇಲ್ಲ.

ಈಗ ತಪ್ಪಿದರೆ ಏನಾಗುತ್ತದೆ ನೋಡೋಣ. ಪೊಲೀಸರು ಟಿಕೆಟ್ ಕೊಡುತ್ತಾರೆ. ಅದಕ್ಕೆ ಸಹಿ ಹಾಕಿದರೆ ತಪ್ಪೊಪ್ಪಿಕೊಂಡ ಹಾಗಲ್ಲ. ಹೇಳಿದ ದಿನದೊಳಗೆ ಕೋರ್ಟಿಗೆ ಉತ್ತರ ಕೊಡುತ್ತೇನೆ ಎಂಬ ಮಾತು ಅದು, ಅಷ್ಟೇ. ಎಡ ತಿರುವಿನ ಸಾಮಾನ್ಯ ತಪ್ಪು ಇಲ್ಲಿ ‘ಇನ್‌ಫ್ರಾಕ್ಷನ್’, ಜೈಲು ಇಲ್ಲದ ಸಣ್ಣ ಉಲ್ಲಂಘನೆ. ಆದರೆ ಟಿಕೆಟನ್ನು ಡ್ರಾಯರ್‌ಗೆ ಹಾಕಿ ಮರೆತರೆ ವಿಷಯ ಬೇರೆಯಾಗುತ್ತದೆ. ಕೊಟ್ಟ ಮಾತಿಗೆ ತಪ್ಪಿ ಹಾಜರಾಗದಿರುವುದು ‘ಮಿಸ್‌ಡಿಮೀನರ್’, ಅಂದರೆ ಕ್ರಿಮಿನಲ್ ಅಪರಾಧ. ವೀಸಾ ಮೇಲೆ ಇರುವವರು ಇದನ್ನು ಚೆನ್ನಾಗಿ ನೆನಪಿಡಬೇಕು. ದಂಡ ಕಟ್ಟಿ ಮುಗಿಸಬಹುದಾದ ಸಣ್ಣ ವಿಷಯ ವಲಸೆ ವಕೀಲರ ಹತ್ತಿರ ಹೋಗುವಷ್ಟು ದೊಡ್ಡದಾಗುವುದು ಹೀಗೆ.

ದಂಡ ಎಷ್ಟು? ದಾರಿ ಬಿಡದೆ ಎಡಕ್ಕೆ ತಿರುಗಿದ್ದಕ್ಕೆ ಮೂಲ ದಂಡ 35 ಡಾಲರ್. ಕೈಯಿಂದ ಹೋಗುವುದು ಮಾತ್ರ 235 ಡಾಲರ್ ಆಸುಪಾಸು. ಹೊಸಬರು ಲೆಕ್ಕ ತಪ್ಪಿರಬೇಕು ಎಂದುಕೊಳ್ಳುತ್ತಾರೆ. ತಪ್ಪಿಲ್ಲ. ಮೂಲ ದಂಡದ ಪ್ರತಿ 10 ಡಾಲರ್‌ಗೆ ರಾಜ್ಯ 10 ಡಾಲರ್, ಕೌಂಟಿ 7 ಡಾಲರ್ ಸೇರಿಸುತ್ತದೆ. ಕೋರ್ಟ್ ಕಟ್ಟಡ, ಡಿಎನ್‌ಎ ಪರೀಕ್ಷೆ, ತುರ್ತು ಚಿಕಿತ್ಸೆಯ ನಿಧಿಗಳಿಗೆಂದು ಇನ್ನಷ್ಟು. 35 ಅನ್ನು ಇಲ್ಲಿ 40 ಎಂದು ಎಣಿಸುತ್ತಾರೆ. ಆಮೇಲೆ ಮೂಲ ದಂಡದ ಮೇಲೆ ಶೇಕಡ 20 ಸರ್‌ಚಾರ್ಜ್. ಕೊನೆಗೆ ಎಲ್ಲ ಟಿಕೆಟ್‌ಗೂ ತಗಲುವ 40 ಮತ್ತು 35 ಡಾಲರ್‌ನ ಕೋರ್ಟ್ ಶುಲ್ಕಗಳು. ಕೆಂಪು ದೀಪ ಅಥವಾ ಕೆಂಪು ಬಾಣ ದಾಟಿ ತಿರುಗಿದರೆ ಮೂಲ ದಂಡವೇ 100 ಡಾಲರ್. ಇದೇ ಲೆಕ್ಕದಲ್ಲಿ ಅದು 500ರ ಹತ್ತಿರ ಹೋಗುತ್ತದೆ. ಸಂಬಳ ಕಡಿಮೆ ಇರುವವರಿಗೆ, ಓದುತ್ತಿರುವ ಮಕ್ಕಳಿಗೆ ಈ ಹೊರೆ ಹೆಚ್ಚೇ ಎಂದು ನನ್ನ ಅನಿಸಿಕೆ. ಅವರಿಗೊಂದು ದಾರಿ ಇದೆ. ರಾಜ್ಯದ ಕೋರ್ಟ್‌ಗಳ ‘ಮೈಸೈಟೇಷನ್ಸ್’ ಎಂಬ ಆನ್‌ಲೈನ್ ಸೇವೆಯಲ್ಲಿ ಆದಾಯದ ವಿವರ ಕೊಟ್ಟು ದಂಡ ಇಳಿಸಲು, ಕಂತಿನಲ್ಲಿ ಕಟ್ಟಲು ಕೇಳಿಕೊಳ್ಳಬಹುದು.

ದುಡ್ಡಿಗಿಂತ ಹೆಚ್ಚು ಕಾಡುವುದು ಪಾಯಿಂಟ್. ಇಲ್ಲಿನ ಸಾರಿಗೆ ಇಲಾಖೆಗೆ ಡಿಎಂವಿ ಎಂದು ಹೆಸರು. ಇಂಥ ತಪ್ಪಿಗೆ ಅದು ನಿಮ್ಮ ದಾಖಲೆಯಲ್ಲಿ ಒಂದು ಪಾಯಿಂಟ್ ಬರೆಯುತ್ತದೆ. 12 ತಿಂಗಳಲ್ಲಿ 4, 24 ತಿಂಗಳಲ್ಲಿ 6 ಅಥವಾ 36 ತಿಂಗಳಲ್ಲಿ 8 ಪಾಯಿಂಟ್ ಸೇರಿದರೆ ಲೈಸೆನ್ಸ್‌ಗೇ ಕುತ್ತು. ಅದಕ್ಕೂ ಮೊದಲೇ ವಿಮೆಯ ಕಂತು ಏರುತ್ತದೆ. ಮೂರು ವರ್ಷದಲ್ಲಿ ಒಂದಕ್ಕಿಂತ ಹೆಚ್ಚು ಪಾಯಿಂಟ್ ಇದ್ದರೆ, ‘ಗುಡ್ ಡ್ರೈವರ್’ ಎಂದು ಕಾನೂನೇ ಕೊಡಿಸುವ ಕನಿಷ್ಠ ಶೇಕಡ 20ರ ರಿಯಾಯಿತಿ ಕೈಬಿಡುತ್ತದೆ.

ಪಾಯಿಂಟ್ ತಪ್ಪಿಸಿಕೊಳ್ಳಲು ಟ್ರಾಫಿಕ್ ಸ್ಕೂಲ್ ಇದೆ. ಇದು ತಪ್ಪು ಮಾಡಿದ ಚಾಲಕರಿಗಾಗಿ ನಡೆಸುವ ಪಾಠ. ಮನೆಯಲ್ಲೇ ಕೂತು ಆನ್‌ಲೈನ್‌ನಲ್ಲಿ ಮುಗಿಸಬಹುದು. ಮುಗಿಸಿದರೆ ಆ ತಪ್ಪು ವಿಮಾ ಕಂಪನಿಯ ಕಣ್ಣಿಗೆ ಬೀಳುವುದಿಲ್ಲ. ಆದರೆ ದಂಡ ಪೂರ್ತಿ ಕಟ್ಟಬೇಕು. ಅದರ ಮೇಲೆ ಕೋರ್ಟ್‌ನ ಶುಲ್ಕ, ಸ್ಕೂಲಿನ ಶುಲ್ಕ ಬೇರೆ. 18 ತಿಂಗಳಿಗೆ ಒಮ್ಮೆ ಮಾತ್ರ ಈ ಅವಕಾಶ. ಸ್ಕೂಲಿಗೆ ದುಡ್ಡು ಕಟ್ಟುವ ಮುನ್ನ ಅದು ಡಿಎಂವಿ ವೆಬ್‌ಸೈಟಿನ ಪಟ್ಟಿಯಲ್ಲಿದೆಯೇ ಎಂದು ನೋಡಿಕೊಳ್ಳಿ.

ತಪ್ಪು ನಿಮ್ಮದಲ್ಲ ಎನಿಸಿದರೆ ಕೋರ್ಟಿನಲ್ಲಿ ವಾದ ಮಾಡಬಹುದು. ಖುದ್ದು ಹೋಗದೆ ಟಿಆರ್-205 ಎಂಬ ಫಾರಂ ತುಂಬಿ ಬರಹದಲ್ಲೇ ಹೇಳಿಕೆ ಕೊಡಲು ಬರುತ್ತದೆ. ಇದಕ್ಕೆ ಸಾಮಾನ್ಯವಾಗಿ ದಂಡದ ಮೊತ್ತವನ್ನು ಮೊದಲು ಠೇವಣಿ ಇಡಬೇಕು. ಗೆದ್ದರೆ ಅದು ವಾಪಸ್. ಸೋತರೆ 20 ದಿನದೊಳಗೆ ಹೊಸದಾಗಿ ವಿಚಾರಣೆ ಕೇಳಬಹುದು. ಇಂಗ್ಲಿಷ್‌ನಲ್ಲಿ ವಾದಿಸುವುದು ಕಷ್ಟ ಎನ್ನುವ ಹಿರಿಯರು ಹಿಂಜರಿಯಬೇಕಿಲ್ಲ. ಮುಂಚೆಯೇ ತಿಳಿಸಿ ಕನ್ನಡದ ದುಭಾಷಿ ಬೇಕು ಎಂದು ಕೋರ್ಟನ್ನು ಕೇಳಬಹುದು, ಅದಕ್ಕೆ ನೀವು ಹಣ ಕೊಡಬೇಕಿಲ್ಲ.

ಇಷ್ಟು ಡಿಕ್ಕಿಯಾಗದಿದ್ದರೆ. ಡಿಕ್ಕಿಯಾದರೆ ಟಿಕೆಟ್ ಒಂದು ಲೆಕ್ಕ, ನಷ್ಟದ ಹೊಣೆ ಇನ್ನೊಂದು. ವಿಮಾ ಕಂಪನಿಗಳು ಸಾಮಾನ್ಯವಾಗಿ ಮೊದಲು ಬೆರಳು ತೋರಿಸುವುದು ಎಡಕ್ಕೆ ತಿರುಗಿದವರ ಕಡೆಗೇ. ದಾರಿ ಬಿಡುವ ಕರ್ತವ್ಯ ಅವರದಾಗಿತ್ತಲ್ಲ. ಹಾಗೆಂದು ಎದುರಿನವರು ಏನು ಮಾಡಿದರೂ ನಡೆಯುತ್ತದೆ ಎಂದಲ್ಲ. ಈ ಮಾತನ್ನು ಗಟ್ಟಿ ಮಾಡಿದ್ದು ಒಂದು ಎಡ ತಿರುವಿನ ಮೊಕದ್ದಮೆಯೇ.

1968ರ ನವೆಂಬರ್. ಲಾಸ್ ಏಂಜಲಿಸ್‌ನ ಆಲ್ವರಾಡೋ ಬೀದಿಯಲ್ಲಿ ಮಹಿಳೆಯೊಬ್ಬರು ಪೆಟ್ರೋಲ್ ಬಂಕಿಗೆ ಹೋಗಲು ಎದುರಿನ ಮೂರು ಲೇನ್ ದಾಟಿ ಎಡಕ್ಕೆ ತಿರುಗಿದರು. ಹಳದಿ ದೀಪದಲ್ಲಿ ಕೂಡುರಸ್ತೆ ದಾಟಿ ಬಂದ ಟ್ಯಾಕ್ಸಿಯೊಂದು ಅವರ ಕಾರಿನ ಹಿಂಭಾಗಕ್ಕೆ ಗುದ್ದಿತು. ಆಗಿನ ನಿಯಮ ಬಹಳ ಕಠಿಣ. ಗಾಯಗೊಂಡವರದು ಚೂರು ತಪ್ಪಿದ್ದರೂ ಪರಿಹಾರ ಸೊನ್ನೆ. ಕೆಳಗಿನ ಕೋರ್ಟ್ ಹಾಗೆಯೇ ತೀರ್ಪು ಕೊಟ್ಟಿತು. 1975ರಲ್ಲಿ ‘ಲೀ ವರ್ಸಸ್ ಯೆಲ್ಲೋ ಕ್ಯಾಬ್’ ಎಂಬ ಈ ಪ್ರಕರಣದಲ್ಲಿ ಕ್ಯಾಲಿಫೋರ್ನಿಯಾ ಸುಪ್ರೀಂ ಕೋರ್ಟ್ ಆ ನಿಯಮವನ್ನೇ ಕಿತ್ತುಹಾಕಿತು. ಯಾರದು ಎಷ್ಟು ತಪ್ಪೋ ಅಷ್ಟಕ್ಕೆ ಅವರೇ ಹೊಣೆ ಎಂದಿತು.

ಹಾಗಾಗಿ ಇವತ್ತು ತಪ್ಪನ್ನು ಶೇಕಡಾವಾರು ಹಂಚುತ್ತಾರೆ. ನಿಮಗೆ 1 ಲಕ್ಷ ಡಾಲರ್ ನಷ್ಟವಾಗಿ, ತಪ್ಪು ಶೇಕಡ 70 ನಿಮ್ಮದು, 30 ಎದುರಿನವರದು ಎಂದು ತೀರ್ಮಾನವಾದರೆ ನಿಮಗೆ 30 ಸಾವಿರ ಸಿಗುತ್ತದೆ. ಅದೇ ಹೊತ್ತಿಗೆ ಎದುರಿನವರ ನಷ್ಟದ ಶೇಕಡ 70 ನೀವು ತುಂಬಬೇಕು. ಅವರು ಕೆಂಪು ದಾಟಿದ್ದರು, ಅತಿವೇಗದಲ್ಲಿದ್ದರು ಎಂದು ಬಾಯಲ್ಲಿ ಹೇಳಿದರೆ ನಂಬುವವರಿಲ್ಲ. ಡ್ಯಾಶ್‌ಕ್ಯಾಮ್, ಅಂದರೆ ಕಾರಿನ ಮುಂಗಾಜಿಗೆ ಅಂಟಿಸುವ ಸಣ್ಣ ಕ್ಯಾಮೆರಾ, ಇಲ್ಲಿ ಬಹಳ ನೆರವಾಗುತ್ತದೆ. ಅಂಗಡಿಗಳ ಕ್ಯಾಮೆರಾ ದೃಶ್ಯ ಅಳಿಸಿಹೋಗುವ ಮುನ್ನ ಕೇಳಿ ಪಡೆಯಬೇಕು. ಗಾಯದ ಪರಿಹಾರಕ್ಕೆ ಮೊಕದ್ದಮೆ ಹೂಡಲು ಸಾಮಾನ್ಯವಾಗಿ ಎರಡು ವರ್ಷ, ವಾಹನದ ನಷ್ಟಕ್ಕೆ ಮೂರು ವರ್ಷ ಗಡುವು. ಬಸ್ಸಿನಂಥ ಸರ್ಕಾರಿ ವಾಹನ ಗುದ್ದಿ ಗಾಯವಾದರೆ ಆರು ತಿಂಗಳೊಳಗೇ ಅರ್ಜಿ ಕೊಡಬೇಕು.

ಇನ್ನು ವಿಮೆ. ಕಾನೂನು ಬೇಡುವ ಕನಿಷ್ಠ ಮೊತ್ತ 2025ರ ಜನವರಿ 1ರಿಂದ ಏರಿದೆ. ಒಬ್ಬರ ಗಾಯಕ್ಕೆ 30 ಸಾವಿರ, ಒಂದು ಅಪಘಾತದ ಎಲ್ಲರ ಗಾಯಕ್ಕೆ 60 ಸಾವಿರ, ಆಸ್ತಿ ನಷ್ಟಕ್ಕೆ 15 ಸಾವಿರ ಡಾಲರ್. ಇಲ್ಲಿನ ಆಸ್ಪತ್ರೆಯ ಬಿಲ್ಲು ಕಂಡವರಿಗೆ ಇದು ಯಾವ ಮೂಲೆಗೂ ಸಾಲದು ಎಂದು ಗೊತ್ತು. ವಿಮೆ ತುಂಬದ್ದನ್ನು ನಿಮ್ಮ ಉಳಿತಾಯದಿಂದ ತುಂಬಬೇಕಾಗಬಹುದು. ಕೈಲಾದಷ್ಟು ಹೆಚ್ಚಿನ ಮಿತಿಯ ಪಾಲಿಸಿ ತೆಗೆದುಕೊಳ್ಳಿ ಎಂದೇ ನಾನು ಹೇಳುವುದು. ಊರಿನಿಂದ ಬಂದ ಅಪ್ಪನಿಗೋ ಗೆಳೆಯನಿಗೋ ಕಾರು ಕೊಟ್ಟಿದ್ದರೆ, ಅವರ ತಪ್ಪಿಗೂ ಒಂದು ಮಿತಿಯವರೆಗೆ ಮಾಲೀಕರಾದ ನೀವು ಹೊಣೆ.

ಪ್ರಾಣವೇ ಹೋದರೆ ಮಾತು ದಂಡಕ್ಕೆ ನಿಲ್ಲುವುದಿಲ್ಲ. ಸಾಧಾರಣ ಅಜಾಗರೂಕತೆಯಿಂದ ಸಾವಾದರೂ ಒಂದು ವರ್ಷದವರೆಗೆ ಜೈಲಿನ ಶಿಕ್ಷೆ ಆಗಬಹುದು. ಘೋರ ಅಜಾಗರೂಕತೆ ಎಂದು ಸಾಬೀತಾದರೆ ಆರು ವರ್ಷದವರೆಗೂ ಹೋಗಬಹುದು. ಯಾರಿಗಾದರೂ ಪೆಟ್ಟಾಗಿದ್ದರೆ ಟಿಕೆಟಿನ ದಂಡ ಕಟ್ಟುವ ಮೊದಲೇ ವಕೀಲರ ಜೊತೆ ಮಾತಾಡಿ.

ಡಿಕ್ಕಿಯಾದ ಜಾಗದಲ್ಲಿ ಏನು ಮಾಡಬೇಕು? ಗಾಡಿ ನಿಲ್ಲಿಸಲೇಬೇಕು. ಗಾಯವಾಗಿದ್ದರೆ 911ಕ್ಕೆ ಕರೆ ಮಾಡಿ. ಕಾರುಗಳು ನಿಂತ ಜಾಗ, ಸಿಗ್ನಲ್, ರಸ್ತೆಯ ಗುರುತುಗಳ ಫೋಟೊ ತೆಗೆಯಿರಿ. ಲೈಸೆನ್ಸ್, ವಿಮೆಯ ವಿವರ ವಿನಿಮಯ ಮಾಡಿಕೊಳ್ಳಿ. ನಮ್ಮವರು ಗಾಬರಿಯಲ್ಲಿ ‘ಸಾರಿ, ನಂದೇ ತಪ್ಪು’ ಎಂದುಬಿಡುತ್ತಾರೆ. ‘ಪೆಟ್ಟಾಯಿತಾ, ಛೇ, ಹೀಗಾಗಬಾರದಿತ್ತು’ ಎಂದು ಮರುಗಿದರೆ ಅದನ್ನು ನಿಮ್ಮ ಹೊಣೆಗೆ ಸಾಕ್ಷಿ ಮಾಡಿಕೊಳ್ಳಲು ಇಲ್ಲಿನ ಕಾನೂನು ಬಿಡುವುದಿಲ್ಲ. ‘ತಪ್ಪು ನನ್ನದು’ ಎಂಬ ಮಾತನ್ನು ಮಾತ್ರ ಕೋರ್ಟಿನಲ್ಲಿ ಬಳಸಬಹುದು. ಕಳಕಳಿ ತೋರಿಸಿ, ತೀರ್ಪು ಕೊಡಬೇಡಿ.

ಮನೆಗೆ ಬಂದ ಮೇಲೆ ವಿಮಾ ಕಂಪನಿಗೆ ತಿಳಿಸಿ. ಯಾರಿಗಾದರೂ ಗಾಯವಾಗಿದ್ದರೆ, ಎಷ್ಟೇ ಸಣ್ಣದಿರಲಿ, ಅಥವಾ ಯಾರದೇ ಆಸ್ತಿಗೆ 1,000 ಡಾಲರ್ ಮೀರಿ ನಷ್ಟವಾಗಿದ್ದರೆ 10 ದಿನದೊಳಗೆ ಡಿಎಂವಿಗೆ ಎಸ್‌ಆರ್-1 ಎಂಬ ವರದಿ ಹೋಗಬೇಕು. ತಪ್ಪು ಯಾರದೇ ಆಗಿರಲಿ, ಇದು ಇಬ್ಬರಿಗೂ ಕಡ್ಡಾಯ. ಬಂಪರ್ ಒಂದು ಬದಲಿಸಿದರೂ 1,000 ಡಾಲರ್ ದಾಟುವ ಕಾಲ ಇದು. ಸ್ಥಳಕ್ಕೆ ಬಂದ ಪೊಲೀಸರು ಬರೆದುಕೊಂಡ ರಿಪೋರ್ಟ್ ಇದರ ಬದಲಿಗೆ ನಡೆಯುವುದಿಲ್ಲ. ಫಾರಂ ಡಿಎಂವಿ ವೆಬ್‌ಸೈಟಿನಲ್ಲೇ ಇದೆ, ನೀವೇ ತುಂಬಬಹುದು, ವಿಮಾ ಏಜೆಂಟರಿಂದಲೂ ಕಳಿಸಬಹುದು. ಕಳಿಸದಿದ್ದರೆ ಲೈಸೆನ್ಸ್ ಅಮಾನತಾಗುತ್ತದೆ.