ತೊದಲುನುಡಿಯಲ್ಲಿ ಹುಟ್ಟಿದ ಹೆಸರು

ಹುಟ್ಟಿದ ಮಗುವಿಗೆ ಹೆಸರಿಡುವುದೆಂದರೆ ಮನೆಯಲ್ಲಿ ಅದೊಂದು ಸಣ್ಣ ಸಮಾಲೋಚನಾ ಸಭೆಯೇ ಸರಿ. ಅಜ್ಜಿಯ ಹೆಸರು ಉಳಿಯಬೇಕೆಂದು ಒಬ್ಬರು, ಮನೆದೇವರ ಹೆಸರೇ ಆಗಬೇಕೆಂದು ಇನ್ನೊಬ್ಬರು, ಜನ್ಮನಕ್ಷತ್ರಕ್ಕೆ ಹೊಂದುವ ಅಕ್ಷರ ಮೊದಲಿರಬೇಕೆಂದು ಮತ್ತೊಬ್ಬರು. ಇವೆಲ್ಲದರ ನಡುವೆ, ಊರಿನಲ್ಲಿ ಯಾರೂ ಇಟ್ಟಿರದ ಹೊಸ ಹೆಸರೊಂದು ತಮ್ಮ ಮಗಳಿಗೆ ಇರಲೆಂಬ ಆಸೆ ತಾಯಿತಂದೆಗಳದು. ಕಡೆಗೆ ಎಲ್ಲವೂ ಇತ್ಯರ್ಥವಾಗಿ, ಮಗುವನ್ನು ತೊಟ್ಟಿಲಿಗೆ ಹಾಕಿ ಕಿವಿಯಲ್ಲಿ ಹೆಸರನ್ನು ಉಸುರಿದ ಮೇಲೆ, ಅದು ಹೊಸ ಹೆಸರಾಗಿದ್ದರೆ ನೆರೆದವರು ಕೇಳುವ ಪ್ರಶ್ನೆ ಒಂದೇ: “ಹಾಗೆಂದರೆ ಏನಮ್ಮ ಅರ್ಥ?”

ಇಂಗ್ಲೆಂಡಿನಲ್ಲಿ ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಬಳಕೆಗೆ ಬಂದ ಹೆಣ್ಣುಮಕ್ಕಳ ಹೆಸರೊಂದರ ಬಗ್ಗೆ ಇದೇ ಪ್ರಶ್ನೆಯನ್ನು ಕೇಳಿದರೆ ದೊರೆಯುವ ಉತ್ತರ ವಿಚಿತ್ರವಾದುದು. ಆ ಹೆಸರು ‘ವೆಂಡಿ’. ಇದು ಬೈಬಲಿನ ಹೆಸರಲ್ಲ, ಗ್ರೀಕ್ ದೇವತೆಯದಲ್ಲ, ಯಾವ ರಾಣಿಯದೂ ಅಲ್ಲ. ಕೇಂಬ್ರಿಜ್ ಪ್ರಾಂತದಲ್ಲಿ ಇದೇ ಹೆಸರಿನ ಹಳೆಯ ಹಳ್ಳಿಯೊಂದಿರುವುದು ನಿಜ. ಆದರೆ ಆ ಊರಿನ ಹೆಸರಿಗೆ ನದಿಯ ತಿರುವಿನಲ್ಲಿರುವ ನಡುಗಡ್ಡೆಯೆಂದು ಅರ್ಥ. ಹುಡುಗಿಯ ಹೆಸರಿಗೂ ಅದಕ್ಕೂ ಸಂಬಂಧವಿಲ್ಲ. ಗ್ವೆಂಡೊಲೆನ್ ಎಂಬ ವೇಲ್ಸ್ ನಾಡಿನ ಹೆಸರನ್ನು ಮೊಟಕುಗೊಳಿಸಿ ಅಲ್ಲೊಬ್ಬರು ಇಲ್ಲೊಬ್ಬರು ಈ ರೀತಿ ಕರೆದಿದ್ದರೂ ಇರಬಹುದು. ಆದರೆ ಸಾವಿರಾರು ತಾಯಂದಿರು ತಮ್ಮ ಹೆಣ್ಣುಕೂಸುಗಳಿಗೆ ಈ ಹೆಸರನ್ನಿಡತೊಡಗಿದುದಕ್ಕೆ ಕಾರಣ ಒಂದು ನಾಟಕ. ಆ ನಾಟಕಕ್ಕೆ ಹೆಸರು ಬಂದುದಾದರೋ, ಐದು ವರ್ಷ ಮಾತ್ರ ಬದುಕಿದ ಒಂದು ಮಗುವಿನ ಬಾಯಿಂದ.

ಕವಿಗಳು ಹೆಸರುಗಳನ್ನು ಸೃಷ್ಟಿಸುವುದೇನೂ ಹೊಸದಲ್ಲ. ‘ಪಮೇಲಾ’ ಎಂಬ ಹೆಸರು 1590ರಲ್ಲಿ ಅಚ್ಚಾದ ಸರ್ ಫಿಲಿಪ್ ಸಿಡ್ನಿಯ ‘ಆರ್ಕೇಡಿಯಾ’ ಕಥನದಲ್ಲಿ ಮೊದಲು ಕಾಣಿಸಿಕೊಂಡಿತು. ‘ವನೆಸ್ಸಾ’ ಎಂಬುದು ಜೊನಾಥನ್ ಸ್ವಿಫ್ಟನ ಕೈಚಳಕ: ಎಸ್ತರ್ ವ್ಯಾನೊಮ್ರಿ ಎಂಬ ತನ್ನ ಸ್ನೇಹಿತೆಯ ಮನೆತನದ ಹೆಸರಿನಿಂದ ‘ವ್ಯಾನ್’ ಎಂಬುದನ್ನೂ ಅವಳ ಹೆಸರಿನಿಂದ ‘ಎಸ್’ ಎಂಬುದನ್ನೂ ತೆಗೆದು ಆತ ಪೋಣಿಸಿದನು; ಆ ಹೆಸರಿನ ಕವನ 1726ರಲ್ಲಿ ಅಚ್ಚಾಯಿತು. ಇವೆಲ್ಲ ವಿದ್ವಾಂಸರು ಲೇಖನಿ ಹಿಡಿದು ಕೂತು ಕಟ್ಟಿದ ಹೆಸರುಗಳು. ವೆಂಡಿಯ ಕಥೆ ಬೇರೆ. ಅದು ಯಾರೂ ಕಟ್ಟದೆ ತಾನಾಗಿ ಹುಟ್ಟಿದ ಹೆಸರು.

<b>ಕವಿಯ ಮಗಳು</b>

ವಿಲಿಯಂ ಅರ್ನೆಸ್ಟ್ ಹೆನ್ಲಿ ಎಂಬ ಆಂಗ್ಲ ಕವಿಯ ಹೆಸರನ್ನು ಕೇಳದವರೂ ಅವನ ‘ಇನ್ವಿಕ್ಟಸ್’ ಎಂಬ ಪುಟ್ಟ ಕವನವನ್ನು ಕೇಳಿರುತ್ತಾರೆ. ದಕ್ಷಿಣ ಆಫ್ರಿಕದ ನೆಲ್ಸನ್ ಮಂಡೇಲಾ ಸೆರೆಮನೆಯಲ್ಲಿ ಸಹಬಂದಿಗಳಿಗೆ ಹೇಳಿ ಧೈರ್ಯ ತುಂಬುತ್ತಿದ್ದುದು ಈ ಕವನವನ್ನೇ. 1849ರಲ್ಲಿ ಹುಟ್ಟಿದ ಹೆನ್ಲಿಗೆ ಬಾಲ್ಯದಲ್ಲಿಯೇ ಮೂಳೆಯ ಕ್ಷಯ ಅಂಟಿತು. ಒಂದು ಕಾಲನ್ನು ಮೊಣಕಾಲಿನ ಕೆಳಗೆ ಕತ್ತರಿಸಬೇಕಾಯಿತು. ಇನ್ನೊಂದು ಕಾಲಿಗೂ ಅದೇ ಗತಿ ಬಂದಾಗ ಆತ ಎಡಿನ್‌ಬರೋ ನಗರದ ಆಸ್ಪತ್ರೆಗೆ ಹೋಗಿ, ಖ್ಯಾತ ಶಸ್ತ್ರವೈದ್ಯ ಜೋಸೆಫ್ ಲಿಸ್ಟರನ ಆರೈಕೆಯಲ್ಲಿ ಬಹುಕಾಲ ಮಲಗಿದ್ದು ಆ ಕಾಲನ್ನು ಉಳಿಸಿಕೊಂಡನು. ‘ಇನ್ವಿಕ್ಟಸ್’ ಹುಟ್ಟಿದುದು ಆ ಹಾಸಿಗೆಯ ಮೇಲೆ, 1875ರಲ್ಲಿ. ದೊಡ್ಡ ಮೈಕಟ್ಟು, ಕೆಂಚುಗಡ್ಡ, ಗಟ್ಟಿ ಕಂಠ, ಕಂಕುಳಲ್ಲಿ ಊರುಗೋಲು—ಈ ಗೆಳೆಯನನ್ನು ಕಂಡೇ ಸ್ಟೀವನ್‌ಸನ್ ತನ್ನ ‘ಟ್ರೆಷರ್ ಐಲೆಂಡ್’ ಕಾದಂಬರಿಯ ಒಂಟಿಕಾಲಿನ ಕಡಲುಗಳ್ಳ ಜಾನ್ ಸಿಲ್ವರನನ್ನು ಚಿತ್ರಿಸಿದನು.

ಇಂತಹ ಹೆನ್ಲಿಗೆ ಇದ್ದುದು ಒಂದೇ ಮಗು. ಹೆಸರು ಮಾರ್ಗರೆಟ್. 1888ರಲ್ಲಿ ಆಕೆ ಹುಟ್ಟಿದಾಗ ಹೆನ್ಲಿಗೆ ನಲವತ್ತರ ಹತ್ತಿರ. ಆಗ ಆತ ವಾರಪತ್ರಿಕೆಯೊಂದರ ಸಂಪಾದಕನಾಗಿದ್ದನು. ಆ ಪತ್ರಿಕೆಗೆ ಬರೆಯುತ್ತಿದ್ದ ತರುಣ ಲೇಖಕರಲ್ಲಿ ಸ್ಕಾಟ್ಲೆಂಡಿನಿಂದ ಬಂದ ಜೇಮ್ಸ್ ಬ್ಯಾರಿ ಎಂಬುವನೂ ಒಬ್ಬ. ಬ್ಯಾರಿ ಐದಡಿಗಿಂತ ಕೊಂಚವೇ ಎತ್ತರದ ಕುಳ್ಳ ಮನುಷ್ಯ. ದೊಡ್ಡವರ ನಡುವೆ ಸಂಕೋಚದ ಮುದ್ದೆ. ಆದರೆ ಮಕ್ಕಳ ಮಧ್ಯೆ ಕುಳಿತನೆಂದರೆ ಅವನ ಮಾತಿಗೆ ಕೊನೆಯಿರುತ್ತಿರಲಿಲ್ಲ. ಸಂಪಾದಕರ ಮನೆಗೆ ಹೋದಾಗಲೆಲ್ಲ ಪುಟ್ಟ ಮಾರ್ಗರೆಟಳಿಗೂ ಅವನಿಗೂ ಜೊತೆ ಬೆಳೆಯಿತು.

ಮಾರ್ಗರೆಟ್ ಅವನನ್ನು ‘ನನ್ನ ಫ್ರೆಂಡಿ’ ಎಂದು ಕರೆಯುತ್ತಿದ್ದಳು. ಎಂದರೆ ನನ್ನ ಗೆಳೆಯ. ಆದರೆ ಆ ನಾಲಗೆಗೆ ‘ರ’ಕಾರ ಇನ್ನೂ ಹೊರಳುತ್ತಿರಲಿಲ್ಲ. ನಮ್ಮ ಮಕ್ಕಳು ‘ರಾಮ’ನನ್ನು ‘ಲಾಮ’ನೆನ್ನುತ್ತಾರಲ್ಲವೆ? ಇಂಗ್ಲಿಷ್ ಮಕ್ಕಳ ಬಾಯಲ್ಲಿ ‘ರ’ಕಾರವು ‘ವ’ಕಾರವಾಗುತ್ತದೆ. ಹೀಗಾಗಿ ‘ಫ್ರೆಂಡಿ’ ಎಂಬುದು ‘ಫ್ವೆಂಡಿ’ಯಾಯಿತು, ‘ಫ್ವೆಂಡಿ ವೆಂಡಿ’ಯೆಂದು ಪ್ರಾಸವೂ ಸೇರಿಕೊಂಡಿತು. ಮನೆಗೆ ಬಂದ ಅತಿಥಿ ನಕ್ಕನು, ಮನೆಯವರೂ ನಕ್ಕರು. ಮಕ್ಕಳಿರುವ ಯಾವ ಮನೆಯಲ್ಲಿಯೂ ಇಂತಹ ನೂರು ಮಾತುಗಳು ಹುಟ್ಟುತ್ತವೆ. ಮಗುವಿನ ನಾಲಗೆ ತಿರುಗಿದೊಡನೆ ಮರೆತೂ ಹೋಗುತ್ತವೆ.

ಈ ಮನೆಯಲ್ಲಿ ಮಾತ್ರ ಮಗುವಿನ ನಾಲಗೆ ತಿರುಗುವ ಕಾಲ ಬರಲೇ ಇಲ್ಲ. 1894ರ ಫೆಬ್ರುವರಿಯಲ್ಲಿ ಮಾರ್ಗರೆಟ್ ಮಿದುಳಿನ ಪೊರೆಯ ಬೇನೆಯಿಂದ ತೀರಿಕೊಂಡಳು. ಅಂದಿಗೆ ಅವಳಿಗೆ ಐದು ವರ್ಷ ತುಂಬಿ ಕೆಲವೇ ತಿಂಗಳುಗಳಾಗಿದ್ದುವು. ಬೆಡ್‌ಫರ್ಡ್ ಪ್ರಾಂತದ ಕಾಕೇನ್ ಹ್ಯಾಟ್ಲಿ ಎಂಬ ಸಣ್ಣ ಹಳ್ಳಿಯ ಇಗರ್ಜಿಯ ಅಂಗಳದಲ್ಲಿ ಅವಳನ್ನು ಮಣ್ಣುಮಾಡಿದರು. ಎರಡು ಕಾಲುಗಳ ರೋಗಕ್ಕೂ ಬಗ್ಗದೆ ನಿಂತಿದ್ದ ತಂದೆ ಈ ಪೆಟ್ಟಿಗೆ ಕುಸಿದುಹೋದನು.

<b>ಗಂಡುಹುಡುಗರ ನಡುವೆ ಒಬ್ಬಳು</b>

ವರ್ಷಗಳು ಉರುಳಿದುವು. ಬ್ಯಾರಿ ಹೆಸರುವಾಸಿಯಾದ ನಾಟಕಕಾರನಾದನು. ಮದುವೆಯಾಯಿತು, ಮಕ್ಕಳಾಗಲಿಲ್ಲ. 1897ರ ಸುಮಾರಿಗೆ ಲಂಡನ್ನಿನ ಕೆನ್ಸಿಂಗ್‌ಟನ್ ಉದ್ಯಾನದಲ್ಲಿ ತನ್ನ ನಾಯಿಯನ್ನು ಕರೆದುಕೊಂಡು ತಿರುಗಾಡುತ್ತಿದ್ದಾಗ ಲೆವೆಲಿನ್ ಡೇವಿಸ್ ಎಂಬ ಮನೆತನದ ಮಕ್ಕಳ ಪರಿಚಯವಾಯಿತು. ಆ ಮಕ್ಕಳಿಗೆ ಹೇಳುತ್ತ ಬಂದ ಕಥೆಗಳಿಂದಲೇ ಎಂದೂ ಬೆಳೆಯದ ಹುಡುಗ ಪೀಟರ್ ಪ್ಯಾನ್ ರೂಪುಗೊಂಡನು. ಬೆಳೆಯದ ಹುಡುಗನೆಂಬ ಕಲ್ಪನೆಯ ಬೇರು ಇನ್ನೂ ಆಳದಲ್ಲಿತ್ತು. ಬ್ಯಾರಿ ಆರು ವರ್ಷದವನಿದ್ದಾಗ ಅವನ ಅಣ್ಣ ಡೇವಿಡ್ ಹದಿನಾಲ್ಕು ತುಂಬುವ ಮುನ್ನಾದಿನ ಹಿಮದ ಮೇಲಿನ ಆಟದಲ್ಲಿ ಬಿದ್ದು ಮಡಿದಿದ್ದನು. ತಾಯಿಯ ಮನಸ್ಸಿನಲ್ಲಿ ಆ ಮಗ ಎಂದೆಂದಿಗೂ ಹುಡುಗನಾಗಿಯೇ ಉಳಿದುದನ್ನು ಬ್ಯಾರಿ ಕಣ್ಣಾರೆ ಕಂಡಿದ್ದನು.

ಪೀಟರನಿಗೆ ಆಧಾರ ದೊರೆಯಿತು. ಆದರೆ ಡೇವಿಸ್ ಮನೆಯಲ್ಲಿ ಇದ್ದವರೆಲ್ಲ ಗಂಡುಮಕ್ಕಳೇ, ಒಟ್ಟು ಐವರು. ನಾಟಕಕ್ಕೋ ಒಬ್ಬ ಹುಡುಗಿ ಬೇಕು. ಪೀಟರನ ಮಾಯಾದ್ವೀಪದಲ್ಲಿರುವ ಹುಡುಗರೆಲ್ಲ ದಾದಿಯರ ಕಣ್ಣು ತಪ್ಪಿ ಕೈಗಾಡಿಯಿಂದ ಬಿದ್ದು ಕಳೆದುಹೋದವರು. ಹೆಣ್ಣುಮಕ್ಕಳು ಜಾಣೆಯರಾದ್ದರಿಂದ ಹಾಗೆ ಬೀಳುವುದಿಲ್ಲವಂತೆ! ಈ ಹುಡುಗರಿಗೆ ಕಥೆ ಹೇಳಲು, ಹರಿದ ಜೇಬು ಹೊಲಿಯಲು, ರಾತ್ರಿ ಹೊದಿಸಿ ಮಲಗಿಸಲು ಲಂಡನ್ನಿನಿಂದ ಹಾರಿ ಬರುವ ಒಬ್ಬ ಹುಡುಗಿ ಬೇಕಾಗಿದ್ದಳು. ಅವಳಿಗೆ ಹೆಸರಿಡುವ ಸಂದರ್ಭ ಬಂದಾಗ ಬ್ಯಾರಿಗೆ ಹತ್ತು ವರ್ಷ ಹಿಂದಿನ ಆ ತೊದಲುಮಾತು ನೆನಪಾಯಿತು.

1904ನೆಯ ಡಿಸೆಂಬರ್ 27ರಂದು ಲಂಡನ್ನಿನ ಡ್ಯೂಕ್ ಆಫ್ ಯಾರ್ಕ್ಸ್ ನಾಟಕಶಾಲೆಯಲ್ಲಿ ‘ಪೀಟರ್ ಪ್ಯಾನ್’ ಮೊದಲ ಬಾರಿಗೆ ರಂಗಕ್ಕೇರಿತು. ಹುಡುಗಿ ಪೀಟರನೆದುರು ತನ್ನ ಪೂರ್ಣ ಹೆಸರನ್ನು ಹೇಳಿಕೊಂಡಳು: ವೆಂಡಿ ಮೊಯಿರಾ ಏಂಜೆಲಾ ಡಾರ್ಲಿಂಗ್. ಅಂದಿನ ಪ್ರೇಕ್ಷಕರಿಗೆ ಅದು ಅಪರೂಪದ ಹೆಸರು. ನಾಟಕದೊಳಗಿನ ಹುಡುಗರಿಗೂ ಅಷ್ಟೆ. ಆಕಾಶದಲ್ಲಿ ಹಾರಿಬರುತ್ತಿರುವುದು ‘ವೆಂಡಿ’ ಎಂದು ಕೇಳಿದಾಗ ಅವರು ಅದನ್ನೊಂದು ಹಕ್ಕಿಯೆಂದೇ ಭಾವಿಸುತ್ತಾರೆ. ಒಬ್ಬನು ಬಾಣ ಬಿಟ್ಟು ಕೆಳಗೆ ಬೀಳಿಸುತ್ತಾನೆ. ಬಿದ್ದುದು ಹಕ್ಕಿಯಲ್ಲ, ಹುಡುಗಿ ಎಂದು ತಿಳಿದೊಡನೆ ಪಶ್ಚಾತ್ತಾಪ ಹೊಂದಿ, ಪ್ರಜ್ಞೆ ತಪ್ಪಿದ ಅವಳನ್ನು ಕದಲಿಸದೆ ಸುತ್ತಲೂ ಒಂದು ಪುಟ್ಟ ಮನೆಯನ್ನು ಕಟ್ಟುತ್ತಾರೆ. ಅಂದಿನಿಂದ ಮಕ್ಕಳು ಒಳಹೊಕ್ಕು ಆಡುವ ಆಟದ ಮನೆಗೆ ಬ್ರಿಟನ್ನಿನಲ್ಲಿ ‘ವೆಂಡಿ ಮನೆ’ ಎಂಬ ಹೆಸರೇ ನಿಂತುಬಿಟ್ಟಿತು. ಹೀಗೆ ಒಂದು ಮಗುವಿನ ತಪ್ಪು ಉಚ್ಚಾರಣೆ ನಿಘಂಟನ್ನೂ ಸೇರಿತು.

ಆದರೆ ಇದನ್ನು ನೋಡಲು ಹೆನ್ಲಿ ಇರಲಿಲ್ಲ. ಆತ 1903ರ ಜುಲೈನಲ್ಲಿ, ನಾಟಕಕ್ಕೆ ಒಂದೂವರೆ ವರ್ಷ ಮೊದಲೇ ಕಣ್ಣುಮುಚ್ಚಿದ್ದನು. ಕಾಕೇನ್ ಹ್ಯಾಟ್ಲಿಯಲ್ಲಿ ಮಗಳ ಬಳಿಯೇ ಅವನ ಚಿತಾಭಸ್ಮವನ್ನಿಟ್ಟರು. ತನ್ನ ಮನೆಯ ಮಾತು ಲಂಡನ್ನಿನ ಮಕ್ಕಳ ಬಾಯಲ್ಲೆಲ್ಲ ಆಡಿದುದನ್ನು ಕೇಳುವ ಭಾಗ್ಯ ತಂದೆಗೂ ಇರಲಿಲ್ಲ, ಮಗಳಿಗೂ ಇರಲಿಲ್ಲ.

<b>ತೊಟ್ಟಿಲಿಂದ ತೊಟ್ಟಿಲಿಗೆ</b>

ನಾಟಕ ಮುಗಿದು ಮನೆಗೆ ಬಂದ ತಾಯಂದಿರು ಆ ಹೆಸರನ್ನು ಮರೆಯಲಿಲ್ಲ. 1911ರಲ್ಲಿ ಬ್ಯಾರಿ ಅದೇ ಕಥೆಯನ್ನು ‘ಪೀಟರ್ ಮತ್ತು ವೆಂಡಿ’ ಎಂಬ ಕಾದಂಬರಿಯಾಗಿ ಪ್ರಕಟಿಸಿದನು. ಮರುವರ್ಷವೇ ಚೆಷೈರ್ ಪ್ರಾಂತದಲ್ಲಿ ಹುಟ್ಟಿದ ಹೆಣ್ಣುಮಗುವೊಂದಕ್ಕೆ ಈ ಹೆಸರನ್ನಿಟ್ಟರು. ಅವಳೇ ಮುಂದೆ 1938ರ ‘ಪಿಗ್ಮೇಲಿಯನ್’ ಚಿತ್ರದಿಂದ ಕೀರ್ತಿವಂತಳಾಗಿ, 1958ರ ‘ಸೆಪರೇಟ್ ಟೇಬಲ್ಸ್’ ಚಿತ್ರದ ಪಾತ್ರಕ್ಕೆ ಆಸ್ಕರ್ ಪಡೆದ ನಟಿ ವೆಂಡಿ ಹಿಲ್ಲರ್. ಅವಳ ಪೂರ್ಣ ಹೆಸರು ವೆಂಡಿ ಮಾರ್ಗರೆಟ್ ಹಿಲ್ಲರ್ ಎಂಬುದು ಒಂದು ಸೊಗಸಾದ ಆಕಸ್ಮಿಕ. ಶತಮಾನದ ನಡುವಿಗೆ ಇಂಗ್ಲೆಂಡಿನ ಶಾಲೆಗಳಲ್ಲಿ ವೆಂಡಿಯರಿಗೆ ಕೊರತೆಯಿರಲಿಲ್ಲ. ಹೆಸರು ಸಮುದ್ರ ದಾಟಿ ಅಮೆರಿಕಕ್ಕೂ ಹೋಯಿತು. 1970ರ ಹೊತ್ತಿಗೆ ಅಲ್ಲಿ ಹುಟ್ಟುತ್ತಿದ್ದ ಹೆಣ್ಣುಮಕ್ಕಳಿಗೆ ಹೆಚ್ಚಾಗಿ ಇಡುತ್ತಿದ್ದ ಮೊದಲ ಐವತ್ತು ಹೆಸರುಗಳಲ್ಲಿ ಇದೂ ಒಂದಾಗಿತ್ತು.

ಅಮೆರಿಕದಲ್ಲಿಯೇ ಇನ್ನೊಂದು ಚಮತ್ಕಾರ ನಡೆಯಿತು. 1969ರ ನವೆಂಬರ್‌ನಲ್ಲಿ ಒಹಾಯೋ ರಾಜ್ಯದ ಕೊಲಂಬಸ್ ನಗರದಲ್ಲಿ ಡೇವ್ ಥಾಮಸ್ ಎಂಬಾತ ಒಂದು ಉಪಾಹಾರಗೃಹವನ್ನು ತೆರೆದು, ಮಗಳ ಮುದ್ದುಹೆಸರನ್ನೇ ಫಲಕದ ಮೇಲೆ ಬರೆಸಿದನು. ಮಗಳ ನಿಜವಾದ ಹೆಸರು ಮೆಲಿಂಡಾ. ಮಕ್ಕಳ ಎಳೆಯ ನಾಲಗೆಗೆ ಆ ಹೆಸರು ನಿಲುಕದೆ ಒಡೆದು, ಕಡೆಗೆ ಉಳಿದುದು ‘ವೆಂಡಿ’! ನಾಟಕದ ವೆಂಡಿ ಹುಟ್ಟಿದಂತೆಯೇ ಫಲಕದ ವೆಂಡಿಯೂ ಮಕ್ಕಳ ತೊದಲಿನಲ್ಲಿಯೇ ಹುಟ್ಟಿದಳು. ಮುಂದೆ ಆ ಅಂಗಡಿಯ ಶಾಖೆಗಳು ಸಾವಿರಗಟ್ಟಲೆಯಾದುವು.

ಅಂಗಡಿಯ ಫಲಕದ ಮೇಲಿನ ಹೆಸರು ಹಣ ತಂದಿತು; ನಾಟಕದೊಳಗಿನ ಹೆಸರೂ ತಂದಿತು. ಆದರೆ ಆ ಹಣ ಹೋದ ದಾರಿ ಬೇರೆ. 1929ರಲ್ಲಿ ಬ್ಯಾರಿ ‘ಪೀಟರ್ ಪ್ಯಾನ್’ ಕೃತಿಯ ಹಕ್ಕುಗಳನ್ನು ಲಂಡನ್ನಿನ ಗ್ರೇಟ್ ಆರ್ಮಂಡ್ ಸ್ಟ್ರೀಟಿನ ಮಕ್ಕಳ ಆಸ್ಪತ್ರೆಗೆ ದಾನವಾಗಿ ಬರೆದುಕೊಟ್ಟನು. 1937ರಲ್ಲಿ ಆತ ತೀರಿಕೊಂಡನು. ಕಾನೂನಿನಂತೆ ಹಕ್ಕಿನ ಅವಧಿಯೂ ಮುಗಿಯಿತು. ಆದರೆ 1988ರಲ್ಲಿ ಬ್ರಿಟಿಷ್ ಸಂಸತ್ತು ವಿಶೇಷ ವಿಧಿಯೊಂದನ್ನು ಮಾಡಿ, ಆ ನಾಟಕದ ಗೌರವಧನವು ತನ್ನ ನಾಡಿನಲ್ಲಿ ಆಸ್ಪತ್ರೆಗೆ ನಿರಂತರವಾಗಿ ಸಲ್ಲುವಂತೆ ಮಾಡಿತು. ಬೇನೆಯಿಂದ ಮಡಿದ ಒಂದು ಮಗುವಿನ ಮಾತು, ಬೇನೆಬಿದ್ದ ಎಷ್ಟೋ ಮಕ್ಕಳ ಔಷಧೋಪಚಾರದಲ್ಲಿ ಹೀಗೆ ಪಾಲುಗೊಂಡಿದೆ.

ಹಾಗಾದರೆ ವೆಂಡಿ ಎಂದರೆ ಏನರ್ಥ? ‘ಗೆಳೆಯ’ ಎಂದಷ್ಟೇ. ನಾಲ್ಕೈದು ವರ್ಷದ ಹುಡುಗಿ ಮೂವತ್ತು ದಾಟಿದ ಒಬ್ಬ ಸಂಕೋಚದ ಮನುಷ್ಯನನ್ನು ಕರೆದ ಮಾತು ಅದು. ಕರೆಸಿಕೊಂಡವನು ಆ ಹೆಸರನ್ನು ತನಗಾಗಿ ಇಟ್ಟುಕೊಳ್ಳಲಿಲ್ಲ. ಮತ್ತೊಬ್ಬ ಹುಡುಗಿಗೆ ಕೊಟ್ಟನು. ಅದನ್ನು ಯಾವ ಹುಡುಗಿಗೆ ಕೊಟ್ಟನೆಂಬುದೇ ಇಲ್ಲಿ ಮುಖ್ಯ. ನಾಟಕದಲ್ಲಿ ಎಂದೂ ಬೆಳೆಯದವನು ಪೀಟರ್. ವೆಂಡಿಯಾದರೋ ಮಾಯಾದ್ವೀಪವನ್ನು ಬಿಟ್ಟು ತಾಯಿಯ ಬಳಿಗೆ ಹಿಂತಿರುಗುತ್ತಾಳೆ, ಬೆಳೆಯುತ್ತಾಳೆ, ಮದುವೆಯಾಗಿ ಮಗಳನ್ನು ಹೆರುತ್ತಾಳೆ. ಐದು ವರ್ಷಕ್ಕೇ ನಿಂತುಹೋದ ಹುಡುಗಿಯ ಮಾತನ್ನು ಬ್ಯಾರಿ, ಬೆಳೆದು ಬಾಳುವ ಹುಡುಗಿಯ ಹೆಸರನ್ನಾಗಿ ಮಾಡಿದನು.

ಕಾದಂಬರಿಯ ಕೊನೆಯ ಪುಟಗಳಲ್ಲಿ ವೆಂಡಿಯ ಮಗಳು ಜೇನ್ ಕೂಡ ಪೀಟರನೊಡನೆ ಹಾರಿಹೋಗಿ ಬಂದು, ದೊಡ್ಡವಳಾಗಿ, ತಾನೂ ಒಂದು ಹೆಣ್ಣುಮಗುವಿನ ತಾಯಿಯಾಗುತ್ತಾಳೆ. ಈಗ ಪೀಟರ್ ಕಿಟಕಿಯ ಬಳಿ ಬಂದು ಕರೆದೊಯ್ಯುವುದು ಆ ಮೊಮ್ಮಗಳನ್ನು. ಬ್ಯಾರಿಯ ಹೆತ್ತ ತಾಯಿಯ ಹೆಸರೂ, ಹೆನ್ಲಿಯ ಮನೆಯ ಕೂಸಿನ ಹೆಸರೂ ಒಂದೇ ಆಗಿದ್ದಿತು. ವೆಂಡಿಯ ಮೊಮ್ಮಗಳಿಗೆ ಬ್ಯಾರಿ ಇಟ್ಟುದು ಆ ಹೆಸರನ್ನೇ: ಮಾರ್ಗರೆಟ್.