ಶಾಲೆಯ ರಂಗಮಂಚವೂ ಕೃತಿಸ್ವಾಮ್ಯವೂ

ಸುವರ್ಣ ಮಹೋತ್ಸವದ ಸಿದ್ಧತೆಯ ನಡುವೆ ಹಳೆ ವಿದ್ಯಾರ್ಥಿಯೊಬ್ಬರು ನನ್ನನ್ನು ಕೇಳಿದರು: “ಮಾಸ್ಟ್ರೇ, ಮಕ್ಕಳಿಂದ ನಾಟಕ ಆಡಿಸಲಿಕ್ಕೂ ಲೇಖಕರ ಒಪ್ಪಿಗೆ ಬೇಕೇ?”

ನಮ್ಮ ದೇಶದ ಕೃತಿಸ್ವಾಮ್ಯ ಕಾಯಿದೆ 1957ರದು. ಬರೆದ ಕ್ಷಣದಿಂದಲೇ ಕೃತಿಯು ಕೃತಿಕಾರನ ಸೊತ್ತು, ನೋಂದಣಿ ಕಡ್ಡಾಯವಲ್ಲ. ಅವನ ಕಾಲಾನಂತರ 60 ವರ್ಷ ಆ ಹಕ್ಕು ವಾರಸುದಾರರಿಗೆ ಸಲ್ಲುತ್ತದೆ. ಮೊದಲು ಇದ್ದುದು 50 ವರ್ಷ ಮಾತ್ರ. 1941ರಲ್ಲಿ ನಿಧನರಾದ ರವೀಂದ್ರನಾಥ ಠಾಕೂರರ ಕೃತಿಗಳ ಅವಧಿ 1991ರ ಕೊನೆಗೆ ತೀರುವುದರಲ್ಲಿದ್ದಾಗ ಸರಕಾರವು ಅದನ್ನು ಹತ್ತು ವರ್ಷ ಹೆಚ್ಚಿಸಿತು.

ಎಣಿಕೆ ಆರಂಭವಾಗುವುದು ನಿಧನದ ಮರುವರ್ಷದ ಜನವರಿ 1ರಿಂದ. ನಮ್ಮ ಮಂಜೇಶ್ವರದ ಗೋವಿಂದ ಪೈಗಳು 1963ರಲ್ಲಿ ಅಗಲಿದರು. ಆದುದರಿಂದ ಅವರ ‘ಗಿಳಿವಿಂಡು’ 2024ರ ಜನವರಿ 1ರಿಂದ ಸರ್ವರ ಸೊತ್ತಾಗಿದೆ, ಯಾರೂ ಅಚ್ಚುಹಾಕಿಸಬಹುದು. ಕಯ್ಯಾರ ಕಿಞ್ಞಣ್ಣ ರೈಗಳು ನಿಧನರಾದುದು 2015ರಲ್ಲಿ. ಅವರ ಕವನವನ್ನು ಇಂತಹ ಸಂಚಿಕೆಯಲ್ಲಿ ಪೂರ್ತಿಯಾಗಿ ಮುದ್ರಿಸಬೇಕಾದರೆ 2075ರ ಕೊನೆಯವರೆಗೂ ಹಕ್ಕುದಾರರ ಅನುಮತಿ ಬೇಕು.

ನಾಟಕದ ವಿಚಾರದಲ್ಲಿ ಕಾನೂನು ಶಾಲೆಗಳಿಗೆ ಉದಾರವಾಗಿದೆ. ಅಧ್ಯಾಪಕರೂ ವಿದ್ಯಾರ್ಥಿಗಳೂ ಶಾಲೆಯ ಚಟುವಟಿಕೆಯಾಗಿ ಆಡಿ, ಹೆತ್ತವರು, ಪೋಷಕರು ಹಾಗೂ ಸಂಸ್ಥೆಯ ಸಂಬಂಧಿಗಳು ಮಾತ್ರ ನೋಡುವುದಾದರೆ ಅದು ಉಲ್ಲಂಘನೆಯಲ್ಲ. ಶಿವರಾಮ ಕಾರಂತರ ಯಕ್ಷಗಾನ ಬ್ಯಾಲೆಯ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 2009ರಲ್ಲಿ ಇದನ್ನು ಸ್ಪಷ್ಟಪಡಿಸಿತು. ಬ್ಯಾಲೆಯ ಹಕ್ಕು ಕಾರಂತರ ಉಯಿಲಿನಿಂದ ಪಡೆದವರದೇ. ಆದರೆ ಕಾಯಿದೆಯ ಈ ವಿನಾಯಿತಿ ಶಿಕ್ಷಣ ಸಂಸ್ಥೆಗೆ ಉಂಟು ಎಂದಿತು. ಮಹಾಭಾರತದ ಕಥೆ ಯಾರ ಸ್ವಂತವೂ ಅಲ್ಲ. ಕಾರಂತರು ಅದಕ್ಕೆ ಕೊಟ್ಟ ರೂಪ ಮಾತ್ರ ಅವರದು. ನಮ್ಮ ಬಯಲಾಟದ ಅಭಿಮಾನಿಗಳು ಈ ಭೇದವನ್ನು ಗಮನಿಸಬೇಕೆಂದು ನನ್ನ ಬಯಕೆ.

ಟಿಕೇಟು ಇಟ್ಟು ಊರವರಿಗೆ ತೋರಿಸಿದರೆ ಶಾಲೆಯ ಈ ವಿನಾಯಿತಿ ಒದಗದು. ಆಟವನ್ನು ಮೊಬೈಲಿನಲ್ಲಿ ಚಿತ್ರೀಕರಿಸಿ ಯೂಟ್ಯೂಬಿಗೆ ಏರಿಸುವ ಉತ್ಸಾಹಿಗಳೂ ಇದನ್ನು ಅರಿತಿರಬೇಕು. ಅಲ್ಲಿಯ ಪ್ರೇಕ್ಷಕರು ಹೆತ್ತವರಷ್ಟೇ ಅಲ್ಲವಲ್ಲ!

ಹಣಕ್ಕಿಂತಲೂ ನನಗೆ ಮುಖ್ಯವೆನಿಸುವುದು ಕಾಯಿದೆಯ 57ನೆಯ ಕಲಮು. ಹಕ್ಕನ್ನು ಪೂರ್ತಿ ಮಾರಿದ ಮೇಲೂ ‘ಇದು ನನ್ನ ಕೃತಿ’ ಎನ್ನುವ, ತನ್ನ ಗೌರವಕ್ಕೆ ಕುಂದು ಬರುವಂತೆ ಅದನ್ನು ತಿರುಚಿದರೆ ತಡೆಯುವ ಅಧಿಕಾರ ಲೇಖಕನಿಗಿದೆ. ಬದುಕಿರುವ ಕವಿಯ ಹಾಡನ್ನು ‘ಜಾನಪದ ಗೀತೆ’ಯೆಂದು ಧ್ವನಿವರ್ಧಕದಲ್ಲಿ ಘೋಷಿಸಿದುದನ್ನು ನಾನೇ ಕೇಳಿದ್ದೇನೆ.

ಅನುಮತಿ ಬೇಡುವ ಪತ್ರದಲ್ಲಿ ಕೃತಿಯ ಹೆಸರು, ಬಳಸುವ ಭಾಗ, ಅಚ್ಚಾಗುವ ಪ್ರತಿಗಳ ಸಂಖ್ಯೆ ಮತ್ತು ಸಂಚಿಕೆಗೆ ಬೆಲೆಯಿದೆಯೇ ಎಂಬುದನ್ನು ಬರೆಯಬೇಕು. ಉತ್ತರವನ್ನು ಶಾಲೆಯ ಕಡತದಲ್ಲಿ ಜೋಪಾನವಾಗಿರಿಸಬೇಕು.